ಎರೆಮಣ್ಣಿನ ಸೀಮೆಯಲ್ಲಿ ಸಣ್ಣ ಕಾರಿನ ಗಾಲಿ: ಸ್ಟೀಲ್ ರಿಮ್ಮೋ, ಅಲಾಯೋ, ಎಷ್ಟು ಇಂಚಿನದೋ?

ಹುಬ್ಬಳ್ಳಿಯಿಂದ ಗದಗಿಗೋ ನವಲಗುಂದಕ್ಕೋ ವಾರಕ್ಕೆರಡು ಸಲ ಓಡಾಡುವ ಸಣ್ಣ ಕಾರಿನ ರಿಮ್ ಬೆಂಡಾದಾಗ ಅಥವಾ ಸೀಳಿದಾಗ ಮಾಲೀಕರ ಮುಂದೆ ನಾಲ್ಕು ದಾರಿಗಳಿರುತ್ತವೆ. ಮೊದಲಿದ್ದಂಥದೇ ಸ್ಟೀಲ್ ರಿಮ್ ತರಬಹುದು. ಅದೇ ಕಾರಿನ ಮೇಲ್ದರ್ಜೆಯ ಮಾದರಿಗೆ ಕಂಪನಿಯೇ ಕೊಡುವ ಅಲಾಯ್ ಹಾಕಿಸಬಹುದು. ಬೇರೆ ತಯಾರಕರ ಅಲಾಯ್ ಅನ್ನು ಹೊರಗಿನ ಅಂಗಡಿಯಲ್ಲಿ ಕೊಳ್ಳಬಹುದು. ಇಲ್ಲವೇ ಬಳಸಿದ ಗಾಲಿಗಳನ್ನು ಕಡಿಮೆ ಬೆಲೆಗೆ ತರಬಹುದು. ಅಂಗಡಿಯಲ್ಲಿ ಮಾತು ಸಾಮಾನ್ಯವಾಗಿ ವಿನ್ಯಾಸ ಮತ್ತು ಬಣ್ಣದಿಂದ ಶುರುವಾಗುತ್ತದೆ. ನನ್ನ ಅನುಭವದಲ್ಲಿ ಅದು ಶುರುವಾಗಬೇಕಾದದ್ದು ಬೇರೊಂದು ಪ್ರಶ್ನೆಯಿಂದ: ರಸ್ತೆಗೂ ರಿಮ್ಮಿಗೂ ನಡುವೆ ಎಷ್ಟು ರಬ್ಬರು ಉಳಿಯುತ್ತದೆ? ಈ ಸೀಮೆಯಲ್ಲಿ ಗಾಲಿಯ ಆಯುಷ್ಯವನ್ನು ನಿರ್ಧರಿಸುವುದು ಲೋಹಕ್ಕಿಂತ ಮೊದಲು ಟೈರಿನ ಪಕ್ಕೆಯ ಎತ್ತರ.

ಮೊದಲು ಟೈರಿನ ಪಕ್ಕೆಯ ಲೆಕ್ಕ

ಸ್ವಿಫ್ಟ್ ಕಾರನ್ನೇ ಉದಾಹರಣೆಗೆ ತೆಗೆದುಕೊಳ್ಳುತ್ತೇನೆ, ಏಕೆಂದರೆ ನನ್ನಲ್ಲಿರುವುದು ಅದೇ. 2018ರಲ್ಲಿ ಬಂದ ಪೀಳಿಗೆಯಲ್ಲಿ ಕೆಳದರ್ಜೆಯ ಮಾದರಿಗಳಿಗೆ 165/80 ಆರ್14 ಟೈರುಗಳನ್ನೂ ಮೇಲ್ದರ್ಜೆಗೆ 185/65 ಆರ್15 ಟೈರುಗಳನ್ನೂ ಕೊಟ್ಟಿದ್ದರು. ಇದರಲ್ಲಿ ಮೊದಲ ಅಂಕಿ ಟೈರಿನ ಅಗಲ, ಮಿಲಿಮೀಟರಿನಲ್ಲಿ; ಎರಡನೆಯದು ಆ ಅಗಲದ ಶೇಕಡಾ ಎಷ್ಟು ಭಾಗ ಪಕ್ಕೆಯ ಎತ್ತರವಾಗಿದೆ ಎಂಬುದು; ಕೊನೆಯದು ರಿಮ್ಮಿನ ವ್ಯಾಸ, ಇಂಚಿನಲ್ಲಿ. 165ರ ಶೇ. 80 ಎಂದರೆ 132 ಮಿ.ಮೀ.; 185ರ ಶೇ. 65 ಎಂದರೆ ಸುಮಾರು 120 ಮಿ.ಮೀ. ಈ ಕಾರಿಗೆ ಹೊರಗಿನ ಅಂಗಡಿಯವರು ಸಾಮಾನ್ಯವಾಗಿ ಸೂಚಿಸುವ 16 ಇಂಚಿನ ಅಳತೆ 195/55 ಆರ್16. ಅದರ ಪಕ್ಕೆ 107 ಮಿ.ಮೀ. ಮಾತ್ರ. ಮೂರರ ಹೊರವ್ಯಾಸವೂ 620 ಮಿ.ಮೀ. ಆಸುಪಾಸಿನಲ್ಲೇ ಇರುವುದರಿಂದ ಸ್ಪೀಡೋಮೀಟರ್ ತಪ್ಪು ತೋರಿಸುವುದಿಲ್ಲ, ಗಾಲಿ ಮಡ್ಗಾರ್ಡಿನೊಳಗೆ ಸಲೀಸಾಗಿ ಕೂಡುತ್ತದೆ, ನೋಡುವವರಿಗೂ ಯಾವ ಕೊರತೆಯೂ ಕಾಣುವುದಿಲ್ಲ. ಆದರೆ 14ರಿಂದ 16ಕ್ಕೆ ಏರಿದವರು ರಿಮ್ಮನ್ನು ಕಾಯುವ ರಬ್ಬರಿನಲ್ಲಿ ಸರಿಯಾಗಿ ಒಂದು ಇಂಚನ್ನು ಬಿಟ್ಟುಕೊಟ್ಟಿರುತ್ತಾರೆ.

ಆ ಒಂದು ಇಂಚಿನ ಬೆಲೆ ಬೆಂಗಳೂರಿನ ನುಣುಪು ರಸ್ತೆಯಲ್ಲಿ ತಿಳಿಯದೆ ಹೋಗಬಹುದು. ನಮ್ಮಲ್ಲಿ ತಿಳಿಯುತ್ತದೆ. ನವಲಗುಂದ, ನರಗುಂದ, ರೋಣ, ಮುಳಗುಂದದ ಕಡೆಯ ಎರೆಭೂಮಿ ಮಳೆಗಾಲದಲ್ಲಿ ನೀರು ಕುಡಿದು ಉಬ್ಬುತ್ತದೆ, ಬೇಸಿಗೆಯಲ್ಲಿ ಕೈ ತೂರುವಷ್ಟು ಬಿರಿಯುತ್ತದೆ. ಅದರ ಮೇಲೆ ಹಾಕಿದ ಡಾಂಬರು ಪ್ರತಿವರ್ಷವೂ ಏರಿಳಿಯುವುದರಿಂದ ರಸ್ತೆ ಅಲೆಯಲೆಯಾಗುತ್ತದೆ, ಅಂಚುಗಳು ಕಡಿದು ಬೀಳುತ್ತವೆ. ಪಕ್ಕದ ಮಣ್ಣು ಮಳೆಗೆ ಕೊಚ್ಚಿಹೋದ ಮೇಲೆ ಡಾಂಬರಿನ ಅಂಚಿಗೂ ಕೆಳಗಿನ ಮಣ್ಣಿಗೂ ಮೂರು ನಾಲ್ಕು ಇಂಚಿನ ಮೆಟ್ಟಿಲು ಉಳಿಯುತ್ತದೆ. ಎದುರಿನಿಂದ ಹತ್ತಿ ಹೇರಿದ ಲಾರಿಯೋ ಬ್ಯಾಡಗಿಗೆ ಮೆಣಸಿನಕಾಯಿ ಚೀಲ ಒಯ್ಯುವ ವಾಹನವೋ ಬಂದಾಗ ಎಡಗಾಲಿಗಳನ್ನು ಕೆಳಗಿಳಿಸಲೇಬೇಕು, ಆಮೇಲೆ ಅದೇ ಮೆಟ್ಟಿಲನ್ನು ಹತ್ತಿ ಮೇಲೆ ಬರಲೇಬೇಕು. ಆ ಕ್ಷಣದಲ್ಲಿ ಟೈರಿನ ಪಕ್ಕೆ ಡಾಂಬರಿನ ಚೂಪು ಅಂಚಿಗೂ ರಿಮ್ಮಿನ ತುಟಿಗೂ ನಡುವೆ ಸಿಕ್ಕಿ ಹಿಂಡಿಹೋಗುತ್ತದೆ. ಪಕ್ಕೆ ಎತ್ತರವಾಗಿದ್ದು ಗಾಳಿ ಸರಿಯಾಗಿದ್ದರೆ ಅದು ಬಾಗಿ ಬಚಾವಾಗುತ್ತದೆ. ಗಿಡ್ಡವಾಗಿದ್ದರೆ ರಿಮ್ಮೇ ಹೋಗಿ ಡಾಂಬರಿಗೆ ಬಡಿಯುತ್ತದೆ.

ಅದನ್ನು ನಾನು ಪುಸ್ತಕದಿಂದ ಕಲಿತದ್ದಲ್ಲ. ಕೆಲವು ವರ್ಷಗಳ ಹಿಂದೆ ಹೊರಗಿನ ಅಂಗಡಿಯ 16 ಇಂಚಿನ ಅಲಾಯ್ ಹಾಕಿಸಿದ್ದೆ. ದೀಪಾವಳಿಯ ಮುಂಚೆ ಒಂದು ಸಂಜೆ ಶಿರಹಟ್ಟಿಯಿಂದ ಲಕ್ಷ್ಮೇಶ್ವರದ ಕಡೆಗೆ ಬರುವಾಗ ಗೋವಿನಜೋಳ ಹೇರಿದ ಟ್ರ್ಯಾಕ್ಟರಿಗೆ ದಾರಿ ಬಿಟ್ಟು ಮತ್ತೆ ರಸ್ತೆ ಹತ್ತಿಸಿದಾಗ ಒಂದು ಸದ್ದು ಕೇಳಿತು. ಐದಾರು ಕಿಲೋಮೀಟರಿನಲ್ಲಿ ಮುಂದಿನ ಎಡಗಾಲಿ ಅರ್ಧ ಕುಸಿದಿತ್ತು. ಪಂಕ್ಚರ್ ಅಂಗಡಿಯವರು ಗಾಲಿ ಬಿಚ್ಚಿ, ಗಾಳಿ ತುಂಬಿ, ಸುತ್ತಲೂ ಸಾಬೂನಿನ ನೀರು ಸವರಿದರು. ಟೈರಿನಲ್ಲಿ ಎಲ್ಲಿಯೂ ಗುಳ್ಳೆ ಏಳಲಿಲ್ಲ. ಗಾಲಿಯನ್ನು ಮಗುಚಿದ ಮೇಲೆ, ರಿಮ್ಮಿನ ಒಳತುಟಿಯಲ್ಲಿ ಕೂದಲೆಳೆಯಂಥ ಒಂದು ಗೆರೆಯ ಉದ್ದಕ್ಕೂ ಸಾಸಿವೆಕಾಳಿನಷ್ಟು ಸಣ್ಣ ಗುಳ್ಳೆಗಳು ಸಾಲಾಗಿ ಏಳತೊಡಗಿದವು. "ಟೈರ್ ಚಲೋ ಐತ್ರಿ ಸರ್, ರಿಮ್ ಸೀಳೈತಿ. ಸ್ಟೀಲ್ ಇದ್ದಿದ್ರ ಇಲ್ಲೇ ಬಡದು ಕೊಡ್ತಿದ್ದೆ ನೋಡ್ರಿ" ಎಂದರು. ಡಿಕ್ಕಿಯಲ್ಲಿದ್ದ 14 ಇಂಚಿನ ಸ್ಟೀಲ್ ಸ್ಟೆಪ್ನಿ ಆ ರಾತ್ರಿ ನನ್ನನ್ನು ಮನೆ ಮುಟ್ಟಿಸಿತು.

ಸ್ಟೀಲು ಮತ್ತು ಅಲಾಯ್

ಅವರು ಹೇಳಿದ ಮಾತಿನಲ್ಲೇ ಎರಡು ಲೋಹಗಳ ಮುಖ್ಯ ವ್ಯತ್ಯಾಸವಿದೆ. ಸ್ಟೀಲ್ ರಿಮ್ಮನ್ನು ತಗಡನ್ನು ಒತ್ತಿ, ಬೆಸೆದು ಮಾಡುತ್ತಾರೆ. ಪೆಟ್ಟು ಬಿದ್ದರೆ ಅದು ಬಾಗುತ್ತದೆ. ಬಾಗಿದ್ದನ್ನು ಬೆಂಡ್ ತೆಗೆಯುವವರು ಸುತ್ತಿಗೆಯಿಂದಲೋ ಹೈಡ್ರಾಲಿಕ್ ಯಂತ್ರದಿಂದಲೋ ಸರಿಮಾಡಬಲ್ಲರು, ಮತ್ತು ಈ ಕೆಲಸ ಗೊತ್ತಿರುವವರು ಹುಬ್ಬಳ್ಳಿಯಲ್ಲಷ್ಟೇ ಅಲ್ಲ, ತಾಲ್ಲೂಕು ಊರುಗಳಲ್ಲೂ ಸಿಗುತ್ತಾರೆ. ಅಲಾಯ್ ಎಂದರೆ ಸಿಲಿಕಾನ್ ಮತ್ತು ಸ್ವಲ್ಪ ಮೆಗ್ನೀಸಿಯಂ ಬೆರೆಸಿದ ಅಲ್ಯೂಮಿನಿಯಂ. ಸಣ್ಣ ಕಾರುಗಳಿಗೆ ಬರುವ ಬಹುತೇಕ ಅಲಾಯ್‌ಗಳು ಅಚ್ಚಿನಲ್ಲಿ ಎರಕ ಹೊಯ್ದವು. ಎರಕದ ಲೋಹ ಸಣ್ಣ ಪೆಟ್ಟಿಗೆ ಬಗ್ಗುವುದಿಲ್ಲ, ಅಷ್ಟರ ಮಟ್ಟಿಗೆ ಅದು ಗಟ್ಟಿ. ಆದರೆ ದೊಡ್ಡ ಪೆಟ್ಟಿಗೆ ಸೀಳುತ್ತದೆ. ಸೀಳಿದ್ದನ್ನು ವೆಲ್ಡಿಂಗ್ ಮಾಡಿಕೊಡುವ ಅಂಗಡಿಗಳಿವೆ. ನಾನು ಮಾಡಿಸುವುದಿಲ್ಲ, ಯಾರಿಗೂ ಮಾಡಿಸಿ ಎಂದು ಹೇಳುವುದಿಲ್ಲ. ಈ ರಿಮ್ಮುಗಳಿಗೆ ಬಲ ಬಂದಿರುವುದು ಎರಕದ ನಂತರ ಕೊಟ್ಟ ಶಾಖ ಸಂಸ್ಕಾರದಿಂದ. ಬೆಸುಗೆಯ ಉರಿ ಅದನ್ನು ಆ ಜಾಗದ ಸುತ್ತ ಕೆಡಿಸುತ್ತದೆ. ಮೇಲೆ ಬಣ್ಣ ಬಳಿದ ಮೇಲೆ ಕಣ್ಣಿಗೆ ಅದು ಹೊಸದರಂತೆಯೇ ಕಾಣುತ್ತದೆ.

ತೂಕದ ವಿಷಯದಲ್ಲಿ ಒಂದು ತಪ್ಪು ಕಲ್ಪನೆ ಬಹಳ ಜನರಲ್ಲಿದೆ. ಅಲಾಯ್ ಹಗುರ, ಆದ್ದರಿಂದ ಮೈಲೇಜ್ ಹೆಚ್ಚುತ್ತದೆ ಎನ್ನುತ್ತಾರೆ. ಒಂದೇ ಅಳತೆಯ ಸ್ಟೀಲಿಗೂ ಅಲಾಯ್‌ಗೂ ಹೋಲಿಸಿದರೆ ಅಲಾಯ್ ಸಾಮಾನ್ಯವಾಗಿ ಸ್ವಲ್ಪ ಹಗುರವಾಗಿರುತ್ತದೆ, ನಿಜ. ಸ್ಪ್ರಿಂಗಿನ ಕೆಳಗಿನ ತೂಕ ತಗ್ಗಿದಷ್ಟೂ ಗಾಲಿ ತಗ್ಗು ದಿನ್ನೆಗಳನ್ನು ಹಗುರಾಗಿ ಅನುಸರಿಸುತ್ತದೆ ಎಂಬುದೂ ನಿಜ. ಆದರೆ 14 ಇಂಚಿನ ಸ್ಟೀಲ್ ತೆಗೆದು ದಪ್ಪ ಕಡ್ಡಿಗಳ 16 ಇಂಚಿನ ಅಲಾಯ್ ಹಾಕಿದರೆ, ಅದರ ಮೇಲೆ ಅಗಲದ ಟೈರೂ ಬಂದರೆ, ಒಟ್ಟು ತೂಕ ಕಡಿಮೆಯಾಗುವ ಬದಲು ಹೆಚ್ಚಾಗುವುದೇ ಹೆಚ್ಚು. ಅಂಗಡಿಯಲ್ಲಿ ತಕ್ಕಡಿ ಇದ್ದರೆ ಎರಡನ್ನೂ ತೂಗಿ ನೋಡಿ. ಕೊಳ್ಳುವವರು ಕೇಳಿದರೆ ಯಾರೂ ಬೇಡವೆನ್ನುವುದಿಲ್ಲ. ಬ್ರೇಕಿನ ಶಾಖವನ್ನು ಅಲಾಯ್ ಬೇಗ ಹೊರಹಾಕುತ್ತದೆ ಎಂಬ ಮಾತು ಸುಳ್ಳಲ್ಲ, ಆದರೆ ಅಂಕೋಲೆಯ ಕಡೆಗೆ ಅರಬೈಲ್ ಘಟ್ಟ ಇಳಿಯುವಾಗ ಬ್ರೇಕನ್ನು ಉಳಿಸುವುದು ರಿಮ್ಮಿಗಿಂತ ಹೆಚ್ಚಾಗಿ ಕೆಳಗಿನ ಗೇರು. ಟ್ಯೂಬ್‌ಲೆಸ್ ಟೈರಿಗೆ ಅಲಾಯ್ ಬೇಕೇ ಬೇಕು ಎಂಬುದು ಮಾತ್ರ ಪೂರ್ತಿ ತಪ್ಪು. ಇಂದಿನ ಸಣ್ಣ ಕಾರುಗಳ ಸ್ಟೀಲ್ ರಿಮ್ಮುಗಳು ಟ್ಯೂಬ್‌ಲೆಸ್‌ಗೆಂದೇ ಮಾಡಿದವು.

ಸ್ಟೀಲಿಗೆ ಅದರದೇ ಆದ ರೋಗವಿದೆ, ಅದು ತುಕ್ಕು. ಬಣ್ಣ ಕಿತ್ತ ಕಡೆ, ವಿಶೇಷವಾಗಿ ಟೈರಿನ ಅಂಚು ಕೂರುವ ಜಾಗದಲ್ಲಿ ತುಕ್ಕು ಹಿಡಿದರೆ ಗಾಳಿ ದಿನಕ್ಕಿಷ್ಟಿಷ್ಟೇ ಇಳಿಯುತ್ತದೆ, ಮತ್ತು ಪಂಕ್ಚರ್ ಹುಡುಕಿದರೂ ಸಿಗುವುದಿಲ್ಲ. ಟೈರು ಬಿಚ್ಚಿಸಿ ತಂತಿಬ್ರಷ್‌ನಿಂದ ಉಜ್ಜಿಸಿ ಬಣ್ಣ ಹಚ್ಚಿಸಿದರೆ ಅದು ಸರಿಹೋಗುತ್ತದೆ. ಅಲಾಯ್‌ಗಳಲ್ಲಿ ಡೈಮಂಡ್ ಕಟ್ ಎಂದು ಮಾರುವ, ಮುಖವನ್ನು ಲೇತಿನಲ್ಲಿ ಹೊಳಪು ಬರುವಂತೆ ಕೊರೆದು ಪಾರದರ್ಶಕ ಲೇಪ ಕೊಟ್ಟ ಗಾಲಿಗಳು ಮೊದಲ ವರ್ಷ ಅಂದವಾಗಿ ಕಾಣುತ್ತವೆ. ಒಂದು ಕಲ್ಲು ಸಿಡಿದು ಲೇಪ ಒಡೆದರೆ ಅದರ ಕೆಳಗೆ ನೀರು ಹೊಕ್ಕು ಬಿಳಿ ಹುಳುಕಿನಂತೆ ಹರಡುತ್ತದೆ. ಕಲ್ಲುಖಡಿಯ ರಸ್ತೆಯಲ್ಲಿ ಓಡಾಡುವವರು ಅಲಾಯ್‌ನ್ನೇ ಆರಿಸುವುದಾದರೆ ಪೂರ್ತಿ ಬಣ್ಣ ಬಳಿದದ್ದನ್ನು ಆರಿಸುವುದು ಮೇಲು.

ಇನ್ನೊಂದು ಸಂಗತಿ ಎರೆಮಣ್ಣಿನದೇ. ಹೊಲದ ಹಾದಿಯಲ್ಲಿ ಹೋಗಿ ಬಂದ ಮರುದಿನ ಬೈಪಾಸಿನಲ್ಲಿ 70-80ರ ವೇಗ ಮುಟ್ಟುತ್ತಿದ್ದಂತೆ ಸ್ಟಿಯರಿಂಗ್ ನಡುಗಿದರೆ ಬಹಳ ಜನ ಕೂಡಲೇ ರಿಮ್ ಬೆಂಡಾಗಿದೆ ಎಂದುಕೊಂಡು ಹೊಸದಕ್ಕೆ ಹಣ ಹೊಂದಿಸುತ್ತಾರೆ. ಮೊದಲು ಗಾಲಿಯ ಒಳಮೈಗೆ ಕೈ ಹಾಕಿ ನೋಡಬೇಕು. ಅಲ್ಲಿ ಅಂಟಿದ ಎರೆ ಒಣಗಿ ಇಟ್ಟಿಗೆಯಂತಾಗಿರುತ್ತದೆ. ಒಂದೇ ಕಡೆ ಅಂಗೈಯಗಲ ಹಿಡಿದಿದ್ದರೂ ಸಾಕು, ಗಾಲಿಯ ಸಮತೂಕ ತಪ್ಪುತ್ತದೆ. ಸ್ಕ್ರೂಡ್ರೈವರಿನಿಂದ ಎಬ್ಬಿ ತೆಗೆದು ನೀರು ಹೊಡೆದರೆ ನಡುಕ ನಿಲ್ಲುತ್ತದೆ. ಅಲಾಯ್ ಇರುವವರು ಇದನ್ನು ಮಾಡುವಾಗ ಒಳಗೆ ಅಂಟಿಸಿರುವ ಬ್ಯಾಲೆನ್ಸಿಂಗ್ ತೂಕದ ಪಟ್ಟಿಯನ್ನು ಮಣ್ಣಿನ ಜೊತೆ ಎಬ್ಬಿಬಿಡದಂತೆ ನೋಡಿಕೊಳ್ಳಬೇಕು. ಸ್ಟೀಲಿನಲ್ಲಿ ಆ ತೂಕಗಳು ಅಂಚಿಗೆ ಕಚ್ಚಿಕೊಂಡಿರುವುದರಿಂದ ಈ ಭಯವಿಲ್ಲ.

ಕಾರಿಗೆ ಹೊಂದುತ್ತದೆಯೇ ಎಂಬ ಪರೀಕ್ಷೆ

ಬೋಲ್ಟುಗಳು ಹೊಕ್ಕವು ಎಂದ ಮಾತ್ರಕ್ಕೆ ಗಾಲಿ ಹೊಂದಿತು ಎಂದಾಗುವುದಿಲ್ಲ. ನಾನು ಮೋಸಹೋದದ್ದು ಇಲ್ಲಿಯೇ. ಸ್ವಿಫ್ಟ್, ಬಲೆನೊ, ಐ20, ಟಿಯಾಗೊ, ಹೊಂಡಾ ಸಿಟಿ ಇವೆಲ್ಲವುಗಳಲ್ಲಿ ನಾಲ್ಕು ಬೋಲ್ಟುಗಳು 100 ಮಿ.ಮೀ. ವ್ಯಾಸದ ವೃತ್ತದ ಮೇಲೆ ಕೂತಿರುತ್ತವೆ. ಅಂಗಡಿಯವರು ಇದನ್ನು ಪಿಸಿಡಿ 4×100 ಎನ್ನುತ್ತಾರೆ. ಕ್ರೆಟಾದ ಅಳತೆ 5×114.3, ಪೋಲೊದ್ದು 5×100. ಇದಿಷ್ಟನ್ನು ಎಲ್ಲ ಅಂಗಡಿಯವರೂ ನೋಡುತ್ತಾರೆ, ಏಕೆಂದರೆ ಇದು ತಪ್ಪಿದರೆ ಗಾಲಿ ಕೂರುವುದೇ ಇಲ್ಲ. ನೋಡದೆ ಬಿಡುವುದು ನಡುವಿನ ತೂತನ್ನು. ಕಾರಿನ ಹಬ್, ಅಂದರೆ ಗಾಲಿ ಕೂರುವ ನಡುಗುಂಬ, ಇದರೊಳಗೆ ಹೊಗುತ್ತದೆ. ಸ್ವಿಫ್ಟಿನ ಹಬ್ 54.1 ಮಿ.ಮೀ., ಹೊಂಡಾ ಸಿಟಿಯದು 56.1 ಮಿ.ಮೀ. ಹೊರಗಿನ ತಯಾರಕರು ಒಂದೇ ಗಾಲಿಯನ್ನು ಹಲವು ಕಾರುಗಳಿಗೆ ಮಾರಬೇಕಾದ್ದರಿಂದ ನಡುವಿನ ತೂತನ್ನು 67.1 ಅಥವಾ 73.1 ಮಿ.ಮೀ.ಗೆ ದೊಡ್ಡದಾಗಿಯೇ ಮಾಡಿರುತ್ತಾರೆ. ಆ ಸಂದಿಗೆ ಹಬ್ ರಿಂಗ್ ಎಂಬ ಬಳೆ ಹಾಕಿದರೆ ಗಾಲಿ ಹಬ್ಬಿನ ನಟ್ಟನಡುವೆ ಕೂರುತ್ತದೆ. ಹಾಕದಿದ್ದರೆ ಕೇವಲ ನಟ್ಟುಗಳ ಮೇಲೆ ನೇತಾಡುತ್ತದೆ. ನನಗೆ ಗಾಲಿ ಮಾರಿದ ಅಂಗಡಿಯವರು ರಿಂಗ್ ಹಾಕಿರಲಿಲ್ಲ, ಅದರ ಮಾತನ್ನೂ ಎತ್ತಿರಲಿಲ್ಲ. ನಾಲ್ಕು ಸಲ ಬ್ಯಾಲೆನ್ಸಿಂಗ್ ಮಾಡಿಸಿದರೂ ನಡುಕ ಹೋಗದಿದ್ದಾಗ, ಧಾರವಾಡದ ಒಬ್ಬ ಹಿರಿಯ ಮೆಕ್ಯಾನಿಕ್ ಗಾಲಿ ಬಿಚ್ಚಿ, ಹಬ್ಬಿಗೂ ರಿಮ್ಮಿಗೂ ನಡುವೆ ಕಿರುಬೆರಳ ತುದಿಯನ್ನು ತೂರಿಸಿ ತೋರಿಸಿದರು. ಕಂಪನಿಯ ಗಾಲಿ ತರುವವರಿಗೆ ಈ ತೊಂದರೆಯೇ ಇಲ್ಲ.

ಆಫ್‌ಸೆಟ್ ಎಂಬುದು ರಿಮ್ಮಿನ ಒಳಮೈಯಲ್ಲಿ ಇಟಿ ಎಂಬ ಅಕ್ಷರಗಳ ಪಕ್ಕದಲ್ಲಿ ಕೆತ್ತಿರುವ ಅಂಕಿ. ಗಾಲಿಯ ನಡುಗೆರೆಯಿಂದ ಹಬ್ಬಿಗೆ ಒರಗುವ ಮುಖ ಎಷ್ಟು ಹೊರಗಿದೆ ಎಂಬುದನ್ನು ಅದು ಹೇಳುತ್ತದೆ. ಇಟಿ 45 ಇರುವ ಕಡೆ ಇಟಿ 35ರ ಗಾಲಿ ಹಾಕಿದರೆ ಗಾಲಿ 10 ಮಿ.ಮೀ. ಹೊರಗೆ ಬರುತ್ತದೆ; ಅದರ ಮೇಲೆ ರಿಮ್ಮಿನ ಅಗಲ ಅರ್ಧ ಇಂಚು ಹೆಚ್ಚಾದರೆ ಇನ್ನೂ ಆರು ಮಿ.ಮೀ. ಸೇರುತ್ತದೆ. ಹೊರಗೆ ಬಂದ ಗಾಲಿ ಬೇರಿಂಗಿನ ಮೇಲೆ ಹೆಚ್ಚು ಭಾರ ಹಾಕುತ್ತದೆ, ಸ್ಟಿಯರಿಂಗನ್ನು ಜಗ್ಗುತ್ತದೆ, ಕೆಸರನ್ನು ಬಾಗಿಲಿಗೆ ಎರಚುತ್ತದೆ. ಐದು ಜನ ಕೂತು ಹಳ್ಳದ ಇಳಿಜಾರಿಗೆ ಇಳಿದಾಗ ಮಡ್ಗಾರ್ಡಿಗೆ ಉಜ್ಜಿ ಟೈರನ್ನೂ ಕೊಯ್ಯುತ್ತದೆ. ಹಳೆಯ ರಿಮ್ಮಿನ ಹಿಂಭಾಗದ ಅಂಕಿಗಳ ಫೋಟೋ ತೆಗೆದುಕೊಂಡೇ ಅಂಗಡಿಗೆ ಹೋಗುವುದು ಒಳ್ಳೆಯದು.

ನಟ್ಟುಗಳಲ್ಲೂ ಭೇದವಿದೆ. ಮಾರುತಿ ಕಾರುಗಳ ಎಳೆ 12×1.25 (ಬೋಲ್ಟಿನ ದಪ್ಪ ಮತ್ತು ಎಳೆಗಳ ಅಂತರ, ಮಿಲಿಮೀಟರಿನಲ್ಲಿ), ಹುಂಡೈ ಮತ್ತು ಹೊಂಡಾದವು 12×1.5, ಒಂದನ್ನು ಇನ್ನೊಂದಕ್ಕೆ ಪಾನಾದಿಂದ ಒತ್ತಿ ತಿರುಗಿಸಿದರೆ ಬೋಲ್ಟೇ ಹಾಳಾಗುತ್ತದೆ. ನಟ್ಟಿನಲ್ಲಿ ರಿಮ್ಮಿಗೆ ಒರಗುವ ಮುಖ ಶಂಕುವಿನಂತಿದೆಯೋ ಚಪ್ಪಟೆಯೋ ಎಂಬುದು ರಿಮ್ಮಿನ ಕುಳಿಗೆ ಹೊಂದಬೇಕು. ಸ್ಟೆಪ್ನಿ ಸ್ಟೀಲಾಗಿದ್ದು ಓಡುವ ಗಾಲಿಗಳು ಹೊರಗಿನ ಅಲಾಯ್ ಆಗಿದ್ದರೆ, ಅದೇ ನಟ್ಟು ಸ್ಟೆಪ್ನಿಗೂ ಸರಿಯಾಗಿ ಕೂರುತ್ತದೆಯೇ ಎಂದು ಅಂಗಡಿಯಲ್ಲೇ ಹಾಕಿಸಿ ನೋಡಿಬಿಡಬೇಕು. ರಾತ್ರಿ ಮುಂಡರಗಿ ರಸ್ತೆಯಲ್ಲಿ ನಿಂತು ನೋಡುವ ಪರೀಕ್ಷೆ ಅದಲ್ಲ.

ಹೊಸ ಗಾಲಿಯ ಮೇಲೆ ಐಎಸ್‌ಐ ಗುರುತು ಇರಬೇಕು. ಆಮದಾದ ಮಾದರಿಗಳಲ್ಲಿ ಜೆಡಬ್ಲ್ಯುಎಲ್ ಮತ್ತು ವಿಐಎ ಎಂಬ ಜಪಾನಿನ ಗುರುತುಗಳೂ ಕಾಣುತ್ತವೆ. ಮೊದಲನೆಯದು ತಯಾರಕರು ತಾವೇ ಪರೀಕ್ಷಿಸಿ ಹಾಕುವ ಗುರುತು, ಎರಡನೆಯದು ಹೊರಗಿನ ಸಂಸ್ಥೆ ಪರೀಕ್ಷಿಸಿದ್ದಕ್ಕೆ ಸಿಗುವುದು. ಪ್ರತಿ ಗಾಲಿ ಎಷ್ಟು ಕಿಲೋ ಭಾರ ಹೊರಬಲ್ಲದು ಎಂಬ ಅಂಕಿಯನ್ನೂ ನೋಡಿ. ಈ ಯಾವ ಗುರುತೂ ಇಲ್ಲದ, ಪ್ರಸಿದ್ಧ ವಿನ್ಯಾಸದ ನಕಲು ಗಾಲಿಯನ್ನು ಎಷ್ಟೇ ಅಗ್ಗಕ್ಕೆ ಕೊಟ್ಟರೂ ಬಿಡುವುದು ಲೇಸು. ಮನೆಮಂದಿಯನ್ನೆಲ್ಲ ಹೊತ್ತು ಓಡುವ ವಸ್ತು ಅದು.

ಬಳಸಿದ ಗಾಲಿಗಳು

ಈ ದಾರಿಯನ್ನು ನಾನು ಕೀಳಾಗಿ ಕಾಣುವುದಿಲ್ಲ. ಹೊಸ ಕಾರು ಕೊಂಡ ವಾರದಲ್ಲೇ ದೊಡ್ಡ ಅಲಾಯ್ ಹಾಕಿಸುವವರು ಕಂಪನಿಯ ಗಾಲಿಗಳನ್ನು ಅಂಗಡಿಯಲ್ಲೇ ಬಿಟ್ಟುಹೋಗುತ್ತಾರೆ. ನೂರು ಕಿಲೋಮೀಟರೂ ಓಡದ ಅಂಥ ಗಾಲಿಗಳು ಸಿಕ್ಕರೆ ಹೊಸ ಹೊರಗಿನ ಗಾಲಿಗಿಂತ ಅವೇ ಒಳ್ಳೆಯವು. ಆದರೆ ಟೈರಿಲ್ಲದೆ ಬರೀ ರಿಮ್ಮನ್ನು ನೋಡಬೇಕು. ಒಳತುಟಿಯನ್ನು ಬಟ್ಟೆಯಿಂದ ಒರೆಸಿ ಬೆಳಕಿಗೆ ಹಿಡಿದು ಸುತ್ತಲೂ ಉಗುರು ಎಳೆಯಬೇಕು. ಕಣ್ಣಿಗೆ ತಪ್ಪಿದ ಸೀಳು ಎಷ್ಟೋ ಸಲ ಉಗುರಿಗೆ ಸಿಗುತ್ತದೆ. ಬ್ಯಾಲೆನ್ಸಿಂಗ್ ಯಂತ್ರಕ್ಕೆ ಹಾಕಿ ತಿರುಗಿಸಿ, ಅಂಚು ತೂಗಾಡುತ್ತದೆಯೇ ಎಂದು ಪಕ್ಕದಿಂದ ನೋಡಬೇಕು. ಹೊರಮೈಯ ಜೊತೆಗೆ ಒಳಮೈಗೂ ಹೊಸದಾಗಿ ದಪ್ಪ ಬಣ್ಣ ಬಳಿದಿದ್ದರೆ ನಾನು ಅದನ್ನು ಕೊಳ್ಳುವುದಿಲ್ಲ, ಏಕೆಂದರೆ ಯಾರಿಗೂ ಕಾಣದ ಒಳಮೈಗೆ ಬಣ್ಣ ಬಳಿಯಲು ಬೆಸುಗೆ ಮುಚ್ಚುವುದನ್ನು ಬಿಟ್ಟು ಬೇರೆ ಕಾರಣ ಅಪರೂಪ.

ಕಾನೂನು ಮತ್ತು ವಿಮೆಯ ಬಗ್ಗೆ ಎರಡು ಮಾತು ಸಾಕು. ತಯಾರಕರು ನಿಗದಿಪಡಿಸಿದ್ದಕ್ಕೆ ವ್ಯತಿರಿಕ್ತವಾಗಿ ವಾಹನವನ್ನು ಬದಲಾಯಿಸುವುದನ್ನು ಮೋಟಾರು ವಾಹನ ಕಾಯ್ದೆಯ 52ನೇ ಕಲಂ ತಡೆಯುತ್ತದೆ. ಅದೇ ಮಾದರಿಯ ಕಾರಿಗೆ ಕಂಪನಿಯೇ ಕೊಟ್ಟಿರುವ ಅಳತೆಗಳೊಳಗೆ ಇದ್ದರೆ ಈ ಚಿಂತೆಯಿಲ್ಲ. ಹೊರಗಿನ ಅಲಾಯ್ ಹಾಕಿಸಿದವರು ವಿಮೆಯವರಿಗೆ ತಿಳಿಸಿ ಪಾಲಿಸಿಯಲ್ಲಿ ಸೇರಿಸದಿದ್ದರೆ ಅಪಘಾತದ ನಂತರ ಅದರ ಬೆಲೆ ಕೇಳುವಂತಿಲ್ಲ.

ಯಾರಿಗೆ ಯಾವುದು

ವಾರದಲ್ಲಿ ಹೆಚ್ಚು ದಿನ ಎರೆಸೀಮೆಯ ಹಳ್ಳಿಗಳಿಗೆ ಹೋಗುವವರು, ಅಂದರೆ ಶಿಕ್ಷಕರು, ಔಷಧ ಮತ್ತು ಬೀಜದ ವ್ಯಾಪಾರಿಗಳು, ಹೊಲ ನೋಡಿಕೊಳ್ಳಲು ಊರಿಗೆ ಓಡಾಡುವವರು, 14 ಇಂಚಿನ ಸ್ಟೀಲ್ ರಿಮ್ಮಿನಲ್ಲೇ ಇರಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಕಂಪನಿಯ ಒಂದು ಅಲಾಯ್‌ನ ಬೆಲೆಗೆ ಸಾಮಾನ್ಯವಾಗಿ ಎರಡು ಮೂರು ಸ್ಟೀಲ್ ರಿಮ್ಮುಗಳು ಬರುತ್ತವೆ. ಉಳಿದ ಹಣ ಒಳ್ಳೆಯ ಟೈರಿಗೆ ಹೋದರೆ ಬ್ರೇಕು ಹಾಕಿದಾಗ ಅದರ ಫಲ ಕಾಣುತ್ತದೆ. ಹುಬ್ಬಳ್ಳಿ-ಧಾರವಾಡದ ನಡುವೆಯೇ ಓಡಾಡುತ್ತ, ಊರು ಬಿಟ್ಟರೆ 48ನೇ ಹೆದ್ದಾರಿಯಲ್ಲಿ ಹಾವೇರಿ, ರಾಣೆಬೆನ್ನೂರು, ಬೆಳಗಾವಿಗೆ ಹೋಗಿ ಬರುವವರಿಗೆ ಕಂಪನಿಯ 15 ಇಂಚಿನ ಅಲಾಯ್ ನಿಜಕ್ಕೂ ಚೆನ್ನಾಗಿರುತ್ತದೆ. 185ರ ಅಗಲ ವೇಗದಲ್ಲಿ ಹಿಡಿತ ಕೊಡುತ್ತದೆ, 120 ಮಿ.ಮೀ. ಪಕ್ಕೆ ಆಗೊಮ್ಮೆ ಈಗೊಮ್ಮೆ ಬರುವ ತಗ್ಗನ್ನು ತಾಳುತ್ತದೆ. ಹಾನಗಲ್ಲು, ಕಲಘಟಗಿಯ ಕಡೆಯ ಕೆಂಪುಮಣ್ಣಿನ ರಸ್ತೆಗಳಲ್ಲಿ ಅಲೆಗಳು ಕಡಿಮೆಯಾದರೂ ಮಳೆ ಹೆಚ್ಚು, ನೀರು ತುಂಬಿದ ತಗ್ಗಿನ ಆಳ ತಿಳಿಯುವುದಿಲ್ಲ. ಅಲ್ಲಿಯವರಿಗೆ 14 ಅಥವಾ 15, ಎರಡೂ ನಡೆಯುತ್ತವೆ, 16 ಬೇಡ. ಬಲೆನೊದಂಥ ಕಾರಿನ ಮೇಲ್ದರ್ಜೆಯ ಮಾದರಿ ಕೊಂಡು 16 ಇಂಚಿನ 195/55 ಟೈರುಗಳಿಂದ ಬೇಸತ್ತವರು, ಅದೇ ಕಾರಿನ ಕೆಳದರ್ಜೆಗೆ ಬರುವ 185/65 ಆರ್15ಕ್ಕೆ ಇಳಿಯುವುದನ್ನು ಯೋಚಿಸಬಹುದು. ಆದರೆ ಬ್ರೇಕಿನ ಕ್ಯಾಲಿಪರ್ (ಡಿಸ್ಕನ್ನು ಹಿಡಿಯುವ ಭಾಗ) ಸಣ್ಣ ರಿಮ್ಮಿನ ಒಳಗೆ ತಾಗದೆ ತಿರುಗುತ್ತದೆಯೇ ಎಂದು ಒಂದು ಗಾಲಿ ಹಾಕಿ ಕೈಯಿಂದ ಸುತ್ತಿಸಿ ನೋಡಿದ ಮೇಲೆಯೇ ಹಣ ಕೊಡಬೇಕು.

ಒಂದೇ ರಿಮ್ ಹೋಗಿದ್ದರೆ ನಾಲ್ಕನ್ನೂ ಬದಲಾಯಿಸುವ ಅಗತ್ಯವಿಲ್ಲ. ಅದೇ ಅಗಲ, ಅದೇ ಆಫ್‌ಸೆಟ್ ಇರುವ ಒಂದನ್ನು ತಂದು ಹಾಕಿಸಿ, ಬ್ಯಾಲೆನ್ಸಿಂಗ್ ಮತ್ತು ಅಲೈನ್‌ಮೆಂಟ್ ಎರಡನ್ನೂ ಮಾಡಿಸಿ. ರಿಮ್ ಮುರಿಯುವಂಥ ಪೆಟ್ಟು ಅಲೈನ್‌ಮೆಂಟನ್ನು ಬಿಟ್ಟಿರುವುದು ಕಡಿಮೆ. ನಟ್ಟುಗಳನ್ನು ಗಾಳಿಯ ಗನ್ನಿನಿಂದ ಕೊನೆಯವರೆಗೆ ಬಿಗಿಯಲು ಬಿಡದೆ, ಬಿಗಿಯುವ ಬಲವನ್ನು ತೋರಿಸುವ ಕೈಯ ಟಾರ್ಕ್ ಪಾನಾದಿಂದ ಕಾರಿನ ಕೈಪಿಡಿಯಲ್ಲಿರುವ ಅಂಕಿಗೆ, ಎದುರುಬದುರು ಕ್ರಮದಲ್ಲಿ ಬಿಗಿಸಿ. ನೂರು ಕಿಲೋಮೀಟರ್ ಓಡಿದ ಮೇಲೆ ಅದೇ ಪಾನಾ ಹಿಡಿದು ಇನ್ನೊಮ್ಮೆ ನೋಡಿ. ಹೊಸ ಅಲಾಯ್‌ಗಳಲ್ಲಿ ನಟ್ಟಿನ ಕೆಳಗಿನ ಬಣ್ಣ ಒತ್ತಿ ಕೂತು ನಟ್ಟು ಸ್ವಲ್ಪ ಸಡಿಲವಾಗುವುದುಂಟು. ನನ್ನ ಈಗಿನ 15 ಇಂಚಿನ ಗಾಲಿಗಳಲ್ಲಿ ಹದಿನಾರು ನಟ್ಟುಗಳ ಪೈಕಿ ಮೂರು ಹಾಗೆ ಕಾಲು ಸುತ್ತು ತಿರುಗಿದವು.